ಮುಖ ಗೊತ್ತು, ಹೆಸರು ಗೊತ್ತಿಲ್ಲ: ಯುದ್ಧಾನಂತರದ ಫ್ರೆಂಚ್ ಪೋಷಕ ನಟರ ಚಿತ್ರಪಟ್ಟಿ ಕಟ್ಟುವ ಬಗೆ

ಆನ್ರಿ-ಜಾರ್ಜ್ ಕ್ಲೂಝೊ ನಿರ್ದೇಶನದ ‘ಲೆ ದಿಯಾಬೊಲಿಕ್’ 1955ರ ಜನವರಿಯಲ್ಲಿ ತೆರೆಕಂಡಿತು. ಅದನ್ನು ನೋಡಿದವರಿಗೆ ಸಿಮೋನ್ ಸಿನ್ಯೊರೆ, ವೆರಾ ಕ್ಲೂಝೊ, ಪೋಲ್ ಮೊರಿಸ್ ನೆನಪಿರುತ್ತಾರೆ. ಆದರೆ ರೇಡಿಯೊಗೆ ಕಿವಿಕೊಟ್ಟು ಕೂತಿದ್ದು, ಸ್ನಾನದ ತೊಟ್ಟಿಗೆ ನೀರು ಬೀಳುವ ಸದ್ದಿಗೆ ಸಿಡಿಮಿಡಿಗೊಳ್ಳುವ ಆ ಬಾಡಿಗೆದಾರ ಯಾರು? ವಸತಿಶಾಲೆಯ ಮುದಿ ಮೇಷ್ಟ್ರು ಯಾರು? ಶಾಲೆಯ ಕಾವಲುಗಾರ? ಗ್ಯಾರೇಜಿನವನು? ಕ್ರಮವಾಗಿ ಹೇಳುವುದಾದರೆ ನೊಯೆಲ್ ರೋಕ್ವೇರ್, ಪಿಯೇರ್ ಲಾರ್ಕೆ, ಜಾಂ ಬ್ರೊಶಾರ್, ರೊಬೇರ್ ದಾಲ್ಬಾನ್. ನಾಲ್ವರೂ ಆ ಕಾಲದ ಫ್ರೆಂಚ್ ಸಿನಿಮಾದಲ್ಲಿ ಮತ್ತೆ ಮತ್ತೆ ಎದುರಾಗುವ ಮುಖಗಳು. ನಾಲ್ವರ ಬಗ್ಗೆಯೂ ಅಂತರ್ಜಾಲದಲ್ಲಿ ಉದ್ದುದ್ದ ಪಟ್ಟಿಗಳಿವೆ. ತೊಂದರೆ ಏನೆಂದರೆ, ಆ ಪಟ್ಟಿಗಳಲ್ಲಿ ಬಹುಪಾಲು ಒಂದನ್ನೊಂದು ನಕಲು ಮಾಡಿದವು. ಒಂದು ಕಡೆ ನುಸುಳಿದ ತಪ್ಪು ಹತ್ತು ಕಡೆ ಕಂಡಾಗ ಅದೇ ನಿಜ ಅನ್ನಿಸಿಬಿಡುತ್ತದೆ.

ಇಂಥ ಒಬ್ಬ ನಟನ ವೃತ್ತಿಜೀವನವನ್ನು ತಳದಿಂದ ಕಟ್ಟುವುದು ಹೇಗೆ ಅನ್ನುವುದು ಇಲ್ಲಿನ ವಿಷಯ. ಪಾಲಿಸಲೇಬೇಕಾದ ನಿಯಮ ಒಂದೇ. ಚಿತ್ರದ ಟೈಟಲ್ ಕಾರ್ಡಿನಲ್ಲಿ ಅಚ್ಚಾಗಿರುವುದು, ತೆರೆಯ ಮೇಲೆ ನೀವೇ ಕಂಡದ್ದು, ಬೇರೆಯವರು ಬರೆದದ್ದು ಈ ಮೂರನ್ನೂ ಯಾವತ್ತೂ ಒಂದೇ ಕಾಲಂಗೆ ಸೇರಿಸಬೇಡಿ.

ಮೊದಲು ಹೆಸರು

ಪೋಷಕ ನಟರಲ್ಲಿ ಅನೇಕರು ರಂಗನಾಮದಿಂದಲೇ ಬದುಕಿದವರು. ನೊಯೆಲ್ ರೋಕ್ವೇರ್ (1892–1973) ಹುಟ್ಟಿದಾಗಿನ ಮನೆತನದ ಹೆಸರು ಬೆನೆವಾಂ. ರೊಬೇರ್ ದಾಲ್ಬಾನ್ (1903–1987) ಅವರದು ಗಾಸ್ತೋಂ ಬಾರೆ. ಸರ್ಕಾರಿ ದಾಖಲೆಗಳು ರಂಗನಾಮದಲ್ಲಿ ಸಿಗುವುದಿಲ್ಲವಾದ್ದರಿಂದ ಹುಟ್ಟುಹೆಸರು ಕೈಗೆ ಸಿಗುವ ತನಕ ಜನನ–ಮರಣದ ವಿವರ ಬರೆಯುವ ಗೋಜಿಗೆ ಹೋಗಬೇಡಿ.

ಫ್ರಾನ್ಸಿನಲ್ಲಿ ಇದಕ್ಕೆ ಎರಡು ದಾರಿಗಳಿವೆ. ಅಲ್ಲಿನ ರಾಷ್ಟ್ರೀಯ ಅಂಕಿಅಂಶ ಸಂಸ್ಥೆ ಇನ್ಸೆ 1970ರಿಂದ ಈಚೆಗಿನ ಮರಣಗಳ ಕಡತವನ್ನು 2019ರ ಕೊನೆಯಲ್ಲಿ ಎಲ್ಲರಿಗೂ ಮುಕ್ತವಾಗಿಸಿತು. ಅದರಲ್ಲಿ ಹುಟ್ಟುಹೆಸರು, ಹುಟ್ಟಿದ ದಿನ, ಹುಟ್ಟೂರಿನ ಸಂಕೇತ, ತೀರಿಕೊಂಡ ದಿನ, ಊರಿನ ಸಂಕೇತ ಮತ್ತು ನೋಂದಣಿ ಸಂಖ್ಯೆ ಇರುತ್ತವೆ. 1973ರಲ್ಲಿ ತೀರಿಕೊಂಡ ರೋಕ್ವೇರ್ ಅಲ್ಲಿ ಸಿಗಬೇಕಾದರೆ ಬೆನೆವಾಂ ಎಂದೇ ಹುಡುಕಬೇಕು. ಇನ್ನೊಬ್ಬ ಪೋಷಕ ನಟ ಜೂಲಿಯೆನ್ ಕಾರೆತ್ 1966ರಲ್ಲೇ ತೀರಿಕೊಂಡಿದ್ದರಿಂದ ಅವರನ್ನು ಅಲ್ಲಿ ಹುಡುಕುವುದು ವ್ಯರ್ಥ. ಎರಡನೆಯ ದಾರಿ ಹುಟ್ಟೂರಿನ ಜನನ ದಾಖಲೆ. 75 ವರ್ಷ ದಾಟಿದ ಜನನ ದಾಖಲೆಯನ್ನು ಯಾರು ಬೇಕಾದರೂ ನೋಡಬಹುದು, ಜಿಲ್ಲಾ ದಾಖಲೆಸಂಗ್ರಹಗಳ ಜಾಲತಾಣಗಳಲ್ಲಿ ಬಹಳಷ್ಟು ಉಚಿತವಾಗಿಯೇ ಸಿಗುತ್ತವೆ. ಪುಟದ ಅಂಚನ್ನು ತಪ್ಪದೆ ಓದಿ. ಮದುವೆ, ವಿಚ್ಛೇದನದ ಟಿಪ್ಪಣಿಗಳು ಅಲ್ಲೇ ಇರುತ್ತವೆ, 1945ರಿಂದ ಈಚೆಗೆ ಮರಣದ ಟಿಪ್ಪಣಿಯನ್ನೂ ಅಲ್ಲಿ ಸೇರಿಸುತ್ತಾರೆ.

ಆಮೇಲೆ ಕಾಗುಣಿತ. ಝಾನ್ ಮಾರ್ಕೆನ್ ಎಂಬ ನಟಿಯ ಮೊದಲ ಹೆಸರನ್ನು ಫ್ರೆಂಚ್ ಲಿಪಿಯಲ್ಲಿ ನಾಲ್ಕಕ್ಷರದಲ್ಲೂ ಬರೆದಿದ್ದಾರೆ, ಆರಕ್ಷರದಲ್ಲೂ ಬರೆದಿದ್ದಾರೆ. ವ್ಯಕ್ತಿ ಒಬ್ಬರೇ ಆದರೂ ಹುಡುಕುವ ಯಂತ್ರಕ್ಕೆ ಅವರು ಇಬ್ಬರು. ಇನ್ನು ಅಕ್ಷರಗಳ ತಲೆಯ ಮೇಲಿನ ಚಿಹ್ನೆಗಳು ಟೈಟಲ್ ಕಾರ್ಡಿನ ದೊಡ್ಡಕ್ಷರಗಳಲ್ಲಿ ಬಿಟ್ಟುಹೋಗುವುದು ಮಾಮೂಲಿ. ನಿಮ್ಮ ನಟನ ಹೆಸರಿನ ಎಲ್ಲ ರೂಪಗಳನ್ನೂ ಮೊದಲ ದಿನವೇ ಪಟ್ಟಿ ಮಾಡಿ, ಪ್ರತಿ ಹುಡುಕಾಟದಲ್ಲೂ ಎಲ್ಲವನ್ನೂ ಬಳಸಿ.

ಹೆಸರಿನ ವಿಚಾರದಲ್ಲಿ ಕೆಟ್ಟದಾಗಿ ಕೈಕೊಡುವುದು ಒಂದೇ ಹೆಸರಿನ ಇಬ್ಬರು. ಮಾರ್ಸೆಲ್ ಕಾರ್ನೆ ನಿರ್ದೇಶನದ ‘ಲೆಜಾನ್ಫಾಂ ದ್ಯು ಪಾರಾದಿ’ ಚಿತ್ರದಲ್ಲಿ ಫ್ಯುನಾಂಬ್ಯುಲ್ ನಾಟಕಶಾಲೆಯ ಒಡೆಯನಾಗಿ ಕಾಣುವ ಮಾರ್ಸೆಲ್ ಪೆರೆಸ್ (1898–1974) ಹೆಸರು ಕೆಲವು ಕಡೆ ಕೊನೆಯಕ್ಷರ ಬದಲಾಗಿ ‘ಪೆರೆಜ್’ ಎಂದು ಅಚ್ಚಾಗಿದೆ. ಹಾಗಾದ ಕೂಡಲೇ ಅವರು ಮೂಕಿ ಚಿತ್ರಗಳ ಹಾಸ್ಯನಟ, ಮ್ಯಾಡ್ರಿಡ್‌ನಲ್ಲಿ ಹುಟ್ಟಿದ ಇನ್ನೊಬ್ಬ ಮಾರ್ಸೆಲ್ ಪೆರೆಜ್ ಜೊತೆ ಕಲಸಿಹೋಗುತ್ತಾರೆ. ಆ ಇನ್ನೊಬ್ಬರು 1929ರಲ್ಲೇ ತೀರಿಕೊಂಡವರು. ಬಿಡುಗಡೆಯ ವರ್ಷವನ್ನು ನಟನ ವಯಸ್ಸಿನ ಪಕ್ಕದಲ್ಲಿಟ್ಟು ನೋಡಿದರೆ ಇಂಥ ತಪ್ಪು ಅರೆನಿಮಿಷದಲ್ಲಿ ಸಿಕ್ಕಿಬೀಳುತ್ತದೆ. ಆದ್ದರಿಂದ ಕೋಷ್ಟಕದಲ್ಲಿ ‘ಆಗಿನ ವಯಸ್ಸು’ ಎಂಬ ಕಾಲಂ ಇರಲಿ.

ಕೋಷ್ಟಕ

ಒಂದು ಸಾಲಿಗೆ ಒಂದು ಚಿತ್ರ. ಕಾಲಂಗಳು: ಚಿತ್ರದ ಮೂಲ ಹೆಸರು, ವೀಸಾ ಸಂಖ್ಯೆ, ಚಿತ್ರೀಕರಣದ ತಿಂಗಳು–ವರ್ಷ, ಪ್ಯಾರಿಸ್ ಬಿಡುಗಡೆಯ ದಿನ, ನಟನ ಆಗಿನ ವಯಸ್ಸು, ನಿರ್ದೇಶಕ, ಸಂಭಾಷಣೆಕಾರ, ಟೈಟಲ್ ಕಾರ್ಡಿನಲ್ಲಿ ಹೆಸರು ಹೇಗಿದೆ, ಪಾತ್ರದ ಹೆಸರು ಅಥವಾ ಕಸುಬು, ದೃಶ್ಯಗಳ ಸಂಖ್ಯೆ, ತೆರೆಯ ಮೇಲಿನ ಹೊತ್ತು, ಮೊದಲ ಬಾರಿ ಕಾಣುವ ಸಮಯ, ನೋಡಿದ ಪ್ರತಿ ಯಾವುದು, ಬೇರೆಯವರು ಬರೆದದ್ದು (ಯಾರು ಎಂಬುದೂ), ಎಷ್ಟು ಖಾತ್ರಿ. ಹದಿನೈದು ಕಾಲಂ ಜಾಸ್ತಿ ಅನ್ನಿಸಬಹುದು. ಆದರೆ ಐವತ್ತನೇ ಚಿತ್ರಕ್ಕೆ ಬಂದಾಗ ಮೊದಲ ಹತ್ತು ಚಿತ್ರಗಳಲ್ಲಿ ಬರೆದಿಡದ ವಿವರಕ್ಕಾಗಿ ಮತ್ತೆ ಹದಿನೈದು ಗಂಟೆ ಕೂರಬೇಕಾಗುತ್ತದೆ.

ಇವುಗಳಲ್ಲಿ ಗಟ್ಟಿ ಗುರುತು ವೀಸಾ ಸಂಖ್ಯೆ. ಫ್ರಾನ್ಸಿನಲ್ಲಿ ಚಿತ್ರಪ್ರದರ್ಶನಕ್ಕೆ ಸಿಗುವ ಪರವಾನಗಿಯನ್ನು ವೀಸಾ ಎನ್ನುತ್ತಾರೆ. 1946ರ ಅಕ್ಟೋಬರ್ 25ರ ಕಾನೂನಿನಿಂದ ಹುಟ್ಟಿದ ರಾಷ್ಟ್ರೀಯ ಸಿನಿಮಾ ಕೇಂದ್ರ, ಅಂದರೆ ಸೆಎನ್‌ಸೆ, ಇದರ ಕಡತಗಳನ್ನು ಇಟ್ಟುಕೊಂಡಿದೆ. ಅದರ ಜಾಲತಾಣದಲ್ಲಿ ಚಿತ್ರದ ಹೆಸರು ಕೊಟ್ಟು ಹುಡುಕಬಹುದು. ಸಂಖ್ಯೆ ಸಾಮಾನ್ಯವಾಗಿ ಚಿತ್ರದ ಶುರುವಿನಲ್ಲೇ ಕಾಣುತ್ತದೆ, ಆದರೆ ಟಿವಿಗೆ ಕತ್ತರಿಸಿದ ಪ್ರತಿಗಳಲ್ಲಿ ಆ ಕಾರ್ಡೇ ಹಾರಿಹೋಗಿರಬಹುದು. ಬೇರೆ ಹೆಸರಿನಲ್ಲಿ ಮರುಬಿಡುಗಡೆಯಾದ ಚಿತ್ರ ನಿಮ್ಮ ಪಟ್ಟಿಯಲ್ಲಿ ಎರಡು ಬಾರಿ ಸೇರದಂತೆ ಕಾಯುವುದು ಇದೇ ಸಂಖ್ಯೆ. ವೀಸಾದ ಕ್ರಮವನ್ನು ಬಿಡುಗಡೆಯ ಕ್ರಮ ಎಂದು ಮಾತ್ರ ತಿಳಿಯಬೇಡಿ. ಎರಡಕ್ಕೂ ನಡುವೆ ತಿಂಗಳುಗಟ್ಟಲೆ ಅಂತರ ಇರಬಹುದು.

ಎರಡು ವರ್ಷಗಳು, ಒಂದಲ್ಲ

ಬಿಡುಗಡೆಯ ವರ್ಷವನ್ನೇ ಕೆಲಸ ಮಾಡಿದ ವರ್ಷ ಎಂದುಕೊಳ್ಳುವುದು ಇಂಥ ಪಟ್ಟಿಗಳ ಅತಿ ದೊಡ್ಡ ದೋಷ. ಝಾನ್ ಮಾರ್ಕೆನ್ ಮದಾಮ್ ದ್ಯುಫೂರ್ ಆಗಿ ನಟಿಸಿದ ಜಾಂ ರೆನ್ವಾರ್ ಅವರ ‘ಪಾರ್ತಿ ದ ಕಾಂಪಾನ್ಯ್’ 1946ರಲ್ಲಿ ಬಿಡುಗಡೆಯಾಯಿತು. ಆದರೆ ಚಿತ್ರೀಕರಣ ನಡೆದದ್ದು 1936ರ ಬೇಸಿಗೆಯಲ್ಲಿ. ಬಿಡುಗಡೆಯ ವರ್ಷದ ಪ್ರಕಾರ ಜೋಡಿಸಿದರೆ ಅದು ಯುದ್ಧಾನಂತರದ ಚಿತ್ರ, ಆಕೆಯ ಕೆಲಸದ ಪ್ರಕಾರ ನೋಡಿದರೆ ಹತ್ತು ವರ್ಷ ಹಿಂದಿನದು. ಪೋಷಕ ನಟ ಪೋಲ್ ಫ್ರಾಂಕರ್ ಇರುವ ಜಾಕ್ ತಾತಿಯವರ ‘ಜೂರ್ ದ ಫೆತ್’ 1947ರಲ್ಲಿ ಸಾಂತ್-ಸೆವೇರ್ ಎಂಬ ಹಳ್ಳಿಯಲ್ಲಿ ತಯಾರಾಯಿತು, ಪ್ಯಾರಿಸ್‌ನಲ್ಲಿ ತೆರೆಕಂಡದ್ದು 1949ರ ಮೇ ತಿಂಗಳಲ್ಲಿ. ನಟನಿಗೆ ಯಾವ ವರ್ಷ ಕೈತುಂಬ ಕೆಲಸವಿತ್ತು, ಯಾವ ವರ್ಷ ಇರಲಿಲ್ಲ ಎಂದು ತಿಳಿಯಬೇಕಾದರೆ ಚಿತ್ರೀಕರಣದ ವರ್ಷದ ಪ್ರಕಾರವೇ ಜೋಡಿಸಬೇಕು.

ಚಿತ್ರೀಕರಣದ ದಿನಾಂಕ ಸಿಗುವುದು ಉದ್ಯಮದ ವಾರಪತ್ರಿಕೆಗಳಲ್ಲಿ. ‘ಲಾ ಸಿನೆಮಾತೊಗ್ರಾಫಿ ಫ್ರಾನ್ಸೇಸ್’ ಮತ್ತು 1944ರಲ್ಲಿ ಶುರುವಾದ ‘ಲ ಫಿಲ್ಮ್ ಫ್ರಾನ್ಸೆ’ ಎರಡರಲ್ಲೂ ತಯಾರಿಕೆಯಲ್ಲಿರುವ ಚಿತ್ರಗಳ ಸುದ್ದಿ ಬರುತ್ತಿತ್ತು. ಆದರೆ ಶುರುವಿನಲ್ಲಿ ಪ್ರಕಟಿಸಿದ ಪಾತ್ರವರ್ಗವೇ ಕೊನೆಯವರೆಗೆ ಉಳಿಯಿತು ಎಂದುಕೊಳ್ಳಬೇಡಿ. ಪೋಷಕ ನಟನಿಗೆ ಸಿಗುವುದು ಎರಡು ಮೂರು ದಿನದ ಕೆಲಸ. ನಾಟಕದ ಪ್ರದರ್ಶನ ಅಡ್ಡ ಬಂದರೆ ಆ ಜಾಗಕ್ಕೆ ಇನ್ನೊಬ್ಬರನ್ನು ಕರೆಯುವುದು ನಿರ್ಮಾಪಕನಿಗೆ ಕಷ್ಟವೇ ಅಲ್ಲ. ಪತ್ರಿಕೆಯಲ್ಲಿ ಹೆಸರು ಕಂಡರೆ ‘ಬೇರೆಯವರು ಬರೆದದ್ದು’ ಕಾಲಂಗೆ ಹಾಕಿ, ಚಿತ್ರ ನೋಡುವವರೆಗೆ ಅಲ್ಲೇ ಬಿಡಿ.

ಮುಗಿಯದ ಚಿತ್ರಗಳಿಗೆ ಬೇರೆ ಹಾಳೆ ಮಾಡಿ. ಮಾರ್ಸೆಲ್ ಕಾರ್ನೆ 1947ರಲ್ಲಿ ಅರ್ಲೆತ್ತಿ, ಸೆರ್ಜ್ ರೆಜ್ಜಿಯಾನಿ, ಅನೂಕ್ ಎಮೆ ಅವರನ್ನಿಟ್ಟುಕೊಂಡು ಬೆಲ್-ಈಲ್ ದ್ವೀಪದಲ್ಲಿ ಶುರುಮಾಡಿದ ‘ಲಾ ಫ್ಲರ್ ದ ಲಾಜ್’ ಮುಗಿಯಲೇ ಇಲ್ಲ. ಆದರೂ ಅಲ್ಲಿ ಬಣ್ಣ ಹಚ್ಚಿದವರ ವೃತ್ತಿಜೀವನದಲ್ಲಿ ಅದೂ ದುಡಿದ ದಿನಗಳೇ.

ಟೈಟಲ್ ಕಾರ್ಡ್ ಓದುವುದು

ಆ ಕಾಲದ ಫ್ರೆಂಚ್ ಚಿತ್ರಗಳಲ್ಲಿ ಹೆಸರುಗಳು ಹೆಚ್ಚಾಗಿ ಶುರುವಿನಲ್ಲೇ ಬರುತ್ತವೆ. ಕೊನೆಯಲ್ಲಿ ಈಗಿನಂತೆ ಉದ್ದನೆಯ ಪಟ್ಟಿ ಓಡುವುದು ಅಪರೂಪ. ಅಲ್ಲೂ ಸಾಮಾನ್ಯವಾಗಿ ನಟರ ಹೆಸರಷ್ಟೇ ಇರುತ್ತದೆ, ಯಾರು ಯಾವ ಪಾತ್ರ ಎಂದು ಇರುವುದಿಲ್ಲ. ಆದ್ದರಿಂದ ಕಾರ್ಡಿನಿಂದ ತಿಳಿಯುವುದು ‘ಇದ್ದಾರೆ’ ಎಂಬುದು ಮಾತ್ರ, ‘ಯಾರಾಗಿ’ ಎಂಬುದಲ್ಲ.

ಪ್ರತಿ ಕಾರ್ಡನ್ನೂ ಚಿತ್ರವಾಗಿ ಉಳಿಸಿಕೊಳ್ಳಿ. ವಿಎಲ್‌ಸಿ ಪ್ಲೇಯರಿನಲ್ಲಿ ಇ ಕೀಲಿ ಒತ್ತಿದರೆ ಒಂದೊಂದೇ ಚೌಕಟ್ಟು ಮುಂದೆ ಹೋಗುತ್ತದೆ, ವಿಂಡೋಸ್‌ನಲ್ಲಾದರೆ ಶಿಫ್ಟ್ ಜೊತೆ ಎಸ್ ಒತ್ತಿದಾಗ ಚಿತ್ರ ಉಳಿಯುತ್ತದೆ. ನಿಮ್ಮ ನಟನ ಹೆಸರು ಎಷ್ಟನೇ ಕಾರ್ಡಿನಲ್ಲಿದೆ, ಒಂಟಿಯಾಗಿದೆಯೋ, ಇಬ್ಬರ ಜೊತೆಗಿದೆಯೋ, ಹದಿನೈದು ಜನರ ಗುಂಪಿನಲ್ಲಿದೆಯೋ ಬರೆದುಕೊಳ್ಳಿ. ಐದಾರು ವರ್ಷಗಳಲ್ಲಿ ಒಬ್ಬ ನಟ ಗುಂಪಿನ ಕಾರ್ಡಿನಿಂದ ಒಂಟಿ ಕಾರ್ಡಿಗೆ ಏರಿದ್ದು ಕಂಡರೆ ಆತನ ಬೆಲೆ ಏರಿದೆ ಎಂದೇ ಅರ್ಥ. ವಿಮರ್ಶೆಗಳಲ್ಲಿ ಇದು ಸಿಗುವುದಿಲ್ಲ. ಹೆಸರುಗಳು ಅಕಾರಾದಿಯಾಗಿಯೋ ತೆರೆಗೆ ಬರುವ ಕ್ರಮದಲ್ಲಿಯೋ ಇವೆ ಎಂದು ಕಾರ್ಡಿನಲ್ಲೇ ಹೇಳಿದ್ದರೆ ಮಾತ್ರ ಸ್ಥಾನಕ್ಕೆ ಬೆಲೆ ಇಲ್ಲ.

ನೋಡುವುದು, ಅಳೆಯುವುದು

ಫ್ರೆಂಚ್ ಉದ್ಯಮದಲ್ಲಿ ಮುಖ್ಯ ಪಾತ್ರದ ಕೆಳಗೆ ಎರಡನೇ ಪಾತ್ರ, ಸಣ್ಣ ಪಾತ್ರ, ಸಿಲುಯೆತ್, ಫಿಗ್ಯುರಾಂ ಎಂಬ ಮೆಟ್ಟಿಲುಗಳಿವೆ. ಫಿಗ್ಯುರಾಂ ಅಂದರೆ ಗುಂಪಿನಲ್ಲಿ ನಿಲ್ಲುವವರು. ಸಿಲುಯೆತ್ ಗುಂಪಿನಿಂದ ಹೊರಗೆ ಎದ್ದು ಕಾಣುವ, ಆದರೆ ಮಾತೇ ಇಲ್ಲದ ಅಥವಾ ಒಂದೆರಡೇ ಪದವಿರುವ ವ್ಯಕ್ತಿ: ಬಾಗಿಲು ತೆರೆಯುವವನು, ಗ್ಲಾಸು ತಂದಿಡುವವನು. ಈ ನಾಲ್ಕರಲ್ಲಿ ಯಾವುದು ಎಂದು ಪ್ರತಿ ಚಿತ್ರಕ್ಕೂ ತೀರ್ಮಾನಿಸಿ. ಲೂಯಿ ದ ಫ್ಯೂನೆಸ್ ಶುರುಮಾಡಿದ್ದು 1946ರಲ್ಲಿ ತೆರೆಕಂಡ ‘ಲಾ ತಾಂತಾಸ್ಯೋಂ ದ ಬಾರ್ಬಿಜೋಂ’ ಚಿತ್ರದ ದ್ವಾರಪಾಲಕನಾಗಿ. 1956ರ ‘ಲಾ ತ್ರಾವೆರ್ಸೆ ದ ಪಾರಿ’ಯಲ್ಲಿ ಕಾಳಸಂತೆಯ ವ್ಯಾಪಾರಿ ಜಾಂಬಿಯೆ ಆಗುವ ಹೊತ್ತಿಗೆ ಡಜನ್‌ಗಟ್ಟಲೆ ಚಿತ್ರಗಳು ಕಳೆದಿದ್ದವು. ಎಲ್ಲವನ್ನೂ ಒಂದೇ ತೂಕದಲ್ಲಿ ಪಟ್ಟಿ ಮಾಡಿದರೆ ಆ ಏರು ಕಾಣುವುದೇ ಇಲ್ಲ.

ಹೊತ್ತನ್ನು ಸ್ಟಾಪ್‌ವಾಚಿನಿಂದ ಅಳೆಯಿರಿ. ನಟ ಚೌಕಟ್ಟಿನೊಳಗೆ ಇರುವಷ್ಟು ಹೊತ್ತು ಒಂದು ಲೆಕ್ಕ, ಕಾಣದಿದ್ದರೂ ದನಿ ಕೇಳುವ ಹೊತ್ತು ಇನ್ನೊಂದು. ಇಲ್ಲಿ ಪ್ರತಿಯ ವೇಗ ಅಡ್ಡ ಬರುತ್ತದೆ. ಸಿನಿಮಾ ಸೆಕೆಂಡಿಗೆ 24 ಚೌಕಟ್ಟು ಓಡುತ್ತದೆ, ಯುರೋಪಿನ ಟಿವಿ ಮತ್ತು ಹಳೆಯ ಡಿವಿಡಿಗಳಲ್ಲಿ 25. ಚಿತ್ರಮಂದಿರದ ಪ್ರತಿಯಲ್ಲಿ ಸರಿಯಾಗಿ ಒಂದು ಗಂಟೆಗೆ ಬರುವ ದೃಶ್ಯ ಡಿವಿಡಿಯಲ್ಲಿ 57 ನಿಮಿಷ 36 ಸೆಕೆಂಡಿಗೇ ಬರುತ್ತದೆ. ಬ್ಲೂರೇಗಳು ಹೆಚ್ಚಾಗಿ 24ರಲ್ಲೇ ಇರುತ್ತವೆ. ‘ನೋಡಿದ ಪ್ರತಿ ಯಾವುದು’ ಎಂಬ ಕಾಲಂ ಇರುವುದೇ ಇದಕ್ಕೆ. ವೇಗ ಹೆಚ್ಚಿದಾಗ ದನಿಯೂ ತುಸು ಎತ್ತರಕ್ಕೆ ಹೋಗುತ್ತದೆ. ದನಿಯಿಂದಲೇ ನಟನನ್ನು ಗುರುತಿಸುವಾಗ ಇದು ಮೋಸ ಮಾಡಬಹುದು.

ಆದರೆ ನಿಮಿಷಗಳೇ ಎಲ್ಲವೂ ಅಲ್ಲ. ಮೇಲೆ ಹೇಳಿದ ರೋಕ್ವೇರ್ ಪಾತ್ರವನ್ನೇ ಹತ್ತಿರದಿಂದ ನೋಡಿ. ಆತ ಕಥೆಯಲ್ಲಿ ಯಾರನ್ನೂ ಕೊಲ್ಲುವುದಿಲ್ಲ, ಕಾಪಾಡುವುದೂ ಇಲ್ಲ. ಆತನಿಗೆ ಬೇಕಾದದ್ದು ರೇಡಿಯೊ, ಆತನನ್ನು ಕಾಡುವುದು ಕೊಳಾಯಿ. ಪಕ್ಕದಲ್ಲೇ ಕೊಲೆಯ ಏರ್ಪಾಡು ನಡೆಯುತ್ತಿದೆ ಎಂದು ನೋಡುವ ನಮಗೆ ಗೊತ್ತು, ಆತನಿಗೆ ಗೊತ್ತಿಲ್ಲ. ಆತನ ಕಿರಿಕಿರಿಯಿಂದಾಗಿ ಆ ನೀರಿನ ಸದ್ದು ಗುಟ್ಟಾಗಿ ಉಳಿಯುವುದಿಲ್ಲ, ಅದನ್ನು ಕೇಳಿಸಿಕೊಂಡ ಸಾಕ್ಷಿ ಹುಟ್ಟಿಕೊಳ್ಳುತ್ತಾನೆ. ಮೀಸೆ ಕುಣಿಸುವ ಆ ಗಡಸು ಮುಖ, ಮಿಲಿಟರಿಯವನಂಥ ದನಿ ಕಂಡು ಪ್ರೇಕ್ಷಕರಿಗೆ ನಗು ಬರುತ್ತದೆ, ಅದೇ ಕ್ಷಣ ಭಯವೂ ಬಿಗಿಯುತ್ತದೆ. 1952ರ ‘ಫಾಂಫಾನ್ ಲಾ ತುಲಿಪ್’ನಲ್ಲಿ ಫಿಯೆರಾಬ್ರಾ ಎಂಬ ಸೇನೆಯವನಾಗಿಯೂ ಅವರು ತಂದದ್ದು ಇದೇ ಗತ್ತು. ಆದ್ದರಿಂದ ಪಾತ್ರದ ಕಾಲಂ ಪಕ್ಕದಲ್ಲಿ ಒಂದು ವಾಕ್ಯ ಸೇರಿಸಿ: ಈ ಮನುಷ್ಯ ಇಲ್ಲದಿದ್ದರೆ ಕಥೆಯಲ್ಲಿ ಏನು ಮುರಿಯುತ್ತದೆ? ಪೋಷಕ ನಟನ ಕೆಲಸವನ್ನು ತೂಗಲು ಇದಕ್ಕಿಂತ ಒಳ್ಳೆಯ ತಕ್ಕಡಿ ಇಲ್ಲ.

ಕಾರ್ಡಿನಲ್ಲಿ ಹೆಸರಿಲ್ಲದಾಗ

ಎಚ್ಚರ ಅತಿ ಹೆಚ್ಚು ಬೇಕಾದ ಕೆಲಸ ಇದು. ದೊಮಿನಿಕ್ ಝಾರ್ದಿ (1930–2009) ಅಂಥವರು ನೂರಾರು ಚಿತ್ರಗಳಲ್ಲಿ ಕಾಣಿಸಿಕೊಂಡರು, ಎಷ್ಟೋ ಕಡೆ ಕೆಲವೇ ಸೆಕೆಂಡು. ಆಸೆಯ ಕಣ್ಣಿಗೆ ಹಿಂದಿನ ಮೇಜಿನಲ್ಲಿ ಕೂತವರೆಲ್ಲ ತಾವು ಹುಡುಕುತ್ತಿರುವ ನಟರಂತೆಯೇ ಕಾಣುತ್ತಾರೆ.

ಮೊದಲು ಅದೇ ವರ್ಷದ, ಹೆಸರು ಖಚಿತವಾಗಿರುವ ಬೇರೆ ಚಿತ್ರದಿಂದ ನಟನ ನಾಲ್ಕು ಚಿತ್ರಗಳನ್ನು ತೆಗೆದಿಟ್ಟುಕೊಳ್ಳಿ: ನೇರ ಮುಖ, ಎರಡೂ ಪಕ್ಕ, ನಡಿಗೆ. ಹೋಲಿಸುವಾಗ ಮೀಸೆ, ಕೂದಲು, ಕನ್ನಡಕ ಬಿಟ್ಟುಬಿಡಿ. ಅವೆಲ್ಲ ಮೇಕಪ್ ಕೋಣೆಯವು. ಕಿವಿಯ ಆಕಾರ, ಕಿವಿಹಾಲೆ ಕೆನ್ನೆಗೆ ಸೇರುವ ರೀತಿ, ಹುಬ್ಬಿನ ಮೂಳೆ, ಕೈಬೆರಳು ನೋಡಿ. ದನಿ ಇದ್ದರೆ ಬರೀ ಆಡಿಯೊ ಕೇಳಿ. ನಿಮ್ಮ ಊಹೆ ಏನೆಂದು ಹೇಳದೆ ಇನ್ನೊಬ್ಬರಿಗೆ ತೋರಿಸಿ, ಅವರೂ ಅದೇ ಹೆಸರು ಹೇಳಿದರೆ ಮಾತ್ರ ‘ಬಹುಶಃ’ ಎಂದು ಬರೆಯಿರಿ. ‘ಖಚಿತ’ ಎಂದು ಬರೆಯಲು ಕಾಗದ ಬೇಕು: ಒಪ್ಪಂದ, ನಿರ್ಮಾಣದ ದಿನವರದಿ, ಸ್ಥಿರಚಿತ್ರದ ಹಿಂದಿನ ಬರಹ. ಇಂಥವು ಪ್ಯಾರಿಸ್‌ನ ಬೆರ್ಸಿಯಲ್ಲಿರುವ ಸಿನೆಮಾತೆಕ್ ಫ್ರಾನ್ಸೇಸ್ ಗ್ರಂಥಾಲಯದಲ್ಲಿವೆ. ಯಾವ ಚಿತ್ರಕ್ಕೆ ಏನಿದೆ ಎಂಬುದನ್ನು ಸಿನೆ-ರೆಸೂರ್ಸ್ ಎಂಬ ಅದರ ಸೂಚಿಯಲ್ಲಿ ಮನೆಯಿಂದಲೇ ನೋಡಿಕೊಂಡು ಹೋಗಬಹುದು.

ಒಪ್ಪಂದದಲ್ಲಿ ಸಂಭಾವನೆ ಕಂಡರೆ ವರ್ಷ ನೋಡಿ. 1960ರ ಜನವರಿ 1ರಂದು 100 ಹಳೆಯ ಫ್ರಾಂಕ್ 1 ಹೊಸ ಫ್ರಾಂಕ್ ಆಯಿತು. 1958ರ 50,000 ಮತ್ತು 1962ರ 500 ಅಂಕಿಯಲ್ಲಿ ಒಂದೇ ಮೊತ್ತ. ಇದನ್ನು ಮರೆತರೆ ನಟ ಒಂದೇ ವರ್ಷದಲ್ಲಿ ದಿವಾಳಿಯಾದಂತೆ ಕಾಣುತ್ತದೆ.

ಸಹನಿರ್ಮಾಣ, ಕಂಠದಾನ, ಖಂಡಚಿತ್ರಗಳು

1950ರ ದಶಕದಲ್ಲಿ ಇಟಲಿಯೊಂದಿಗಿನ ಸಹನಿರ್ಮಾಣಗಳು ಹೆಚ್ಚಿದವು. ಇಟಾಲಿಯನ್ ಪ್ರತಿಯಲ್ಲಿ ಕಾರ್ಡುಗಳೂ ಹೆಸರಿನ ಕ್ರಮವೂ ಬೇರೆ, ದನಿಯಂತೂ ಹೆಚ್ಚಾಗಿ ಬೇರೆಯವರದೇ. 1952ರ ಮೊದಲ ‘ದೊನ್ ಕಾಮಿಲ್ಲೊ’ ಚಿತ್ರಕ್ಕೆ ಫ್ರೆಂಚ್ ಮತ್ತು ಇಟಾಲಿಯನ್ ಪ್ರತಿಗಳು ಪ್ರತ್ಯೇಕವಾಗಿಯೇ ಇವೆ. ಇಂಥ ಚಿತ್ರಗಳಿಗೆ ಎರಡೂ ಪ್ರತಿ ನೋಡದೆ ದೃಶ್ಯಗಳ ಸಂಖ್ಯೆ ಬರೆಯಬೇಡಿ.

ತಿರುಗಿ ನೋಡಿದರೆ ಫ್ರೆಂಚ್ ಪೋಷಕ ನಟರ ಹೊಟ್ಟೆ ತುಂಬಿಸಿದ ಕಸುಬುಗಳಲ್ಲಿ ಕಂಠದಾನವೂ ಒಂದು. ದಾಲ್ಬಾನ್ ಅವರ ಗೊಗ್ಗರು ದನಿಯನ್ನು ಫ್ರೆಂಚರು ಕ್ಲಾರ್ಕ್ ಗೇಬಲ್ ಬಾಯಲ್ಲೂ ಕೇಳಿದ್ದಾರೆ. ಇದಕ್ಕೆ ಪ್ರತ್ಯೇಕ ಹಾಳೆ ಇರಲಿ. ಅದೇ ಅಮೆರಿಕನ್ ಚಿತ್ರಕ್ಕೆ ಮುಂದೆ ಹೊಸದಾಗಿ ಕಂಠದಾನ ಆಗಿರಬಹುದಾದ್ದರಿಂದ ಈಗಿನ ಡಿವಿಡಿಯ ದನಿಯನ್ನೇ ಮೂಲ ಎಂದುಕೊಳ್ಳಬಾರದು. ಇನ್ನು ಹಲವು ಬಿಡಿ ಕಥೆಗಳನ್ನು ಜೋಡಿಸಿದ ಖಂಡಚಿತ್ರಗಳಲ್ಲಿ ಯಾವ ಖಂಡ ಎಂದು ನಮೂದಿಸದಿದ್ದರೆ ನಿರ್ದೇಶಕರ ಕಾಲಂ ಸುಳ್ಳಾಗುತ್ತದೆ. 1949ರ ‘ರತೂರ್ ಆ ಲಾ ವಿ’ಯಲ್ಲಿ ಐದು ಖಂಡ, ನಾಲ್ವರು ನಿರ್ದೇಶಕರು.

ತೆರಪುಗಳು

ಪಟ್ಟಿ ತಯಾರಾದ ಮೇಲೆ ಖಾಲಿ ಬಿದ್ದ ತಿಂಗಳುಗಳನ್ನು ನೋಡಿ. ಮೊದಲ ಅನುಮಾನ ರಂಗಭೂಮಿಯ ಮೇಲಿರಲಿ. 1953ರ ಜನವರಿಯಲ್ಲಿ ಬಾಬಿಲೋನ್ ರಂಗಮಂದಿರದಲ್ಲಿ ಬೆಕೆಟ್ ಅವರ ‘ಆನಾತಾಂದಾಂ ಗೊದೊ’ ಮೊದಲು ಆಡಿದಾಗ ಲೂಸ್ಯಾಂ ರ‍್ಯಾಂಬೂರ್, ರೊಜೆ ಬ್ಲ್ಯಾಂ, ಜಾಂ ಮಾರ್ತ್ಯಾಂ ಮೂವರೂ ವೇದಿಕೆಯಲ್ಲಿದ್ದರು, ಮೂವರೂ ಸಿನಿಮಾದ ಸಣ್ಣ ಪಾತ್ರಗಳ ಮುಖಗಳೇ. ರಂಗದಾಖಲೆಗಳಿಗೆ ಫ್ರಾನ್ಸಿನ ರಾಷ್ಟ್ರೀಯ ಗ್ರಂಥಾಲಯದ ಪ್ರದರ್ಶನಕಲೆಗಳ ವಿಭಾಗ ನೋಡಬೇಕು. ಎರಡನೆಯ ಅನುಮಾನ ಟಿವಿ. 1958ರಲ್ಲಿ ಶುರುವಾದ ‘ಲೆ ಸ್ಯಾಂಕ್ ದೆರ್ನಿಯೇರ್ ಮಿನ್ಯೂತ್’ ಪತ್ತೇದಾರಿ ಸರಣಿ, 1966ರಿಂದ ನಡೆದ ‘ಓ ತೆಯಾತ್ರ್ ಸ ಸ್ವಾರ್’ ಎಂಬ ಟಿವಿ ನಾಟಕಗಳ ಕಾರ್ಯಕ್ರಮ ಇಂಥ ನಟರಿಗೆ ಅನ್ನವಿಟ್ಟವು. ಇವುಗಳಿಗೆ ಫ್ರಾನ್ಸಿನ ರೇಡಿಯೊ–ಟಿವಿ ದಾಖಲೆಗಳನ್ನು ಕಾಯುವ ಇನಾ ಸಂಸ್ಥೆಯ ಸಂಗ್ರಹವೇ ಗತಿ.

ರಾಜಕೀಯವೂ ತೆರಪು ಮಾಡುತ್ತದೆ. ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರ ಪರ ನಿಂತ ನಟ ರೊಬೇರ್ ಲ ವಿಗಾಂ ಅವರ ಫ್ರೆಂಚ್ ವೃತ್ತಿಜೀವನ 1944ರಲ್ಲಿ ಮುಗಿಯಿತು. 1946ರಲ್ಲಿ ಶಿಕ್ಷೆಯಾಯಿತು, ಕೊನೆಗೆ 1972ರಲ್ಲಿ ಅರ್ಜೆಂಟೀನಾದಲ್ಲಿ ತೀರಿಕೊಂಡರು. ‘ಲೆಜಾನ್ಫಾಂ ದ್ಯು ಪಾರಾದಿ’ಯಲ್ಲಿ ಅವರ ಪಾತ್ರಕ್ಕೆ ಪಿಯೇರ್ ರೆನ್ವಾರ್ ಬಂದರು. 1960ರಲ್ಲಿ ಅಲ್ಜೀರಿಯಾ ಯುದ್ಧದ ವಿರುದ್ಧ ‘121 ಮಂದಿಯ ಹೇಳಿಕೆ’ಗೆ ಸಹಿ ಹಾಕಿದವರಿಗೆ ಸರ್ಕಾರಿ ರೇಡಿಯೊ, ಟಿವಿಯ ಬಾಗಿಲು ಮುಚ್ಚಿತು. ಬ್ಲ್ಯಾಂ ಮತ್ತು ಮಾರ್ತ್ಯಾಂ ಇಬ್ಬರೂ ಸಹಿ ಹಾಕಿದವರು. ಅದೇ ಮಾರ್ತ್ಯಾಂ 1966ರ ‘ಬ್ಯಾಟಲ್ ಆಫ್ ಅಲ್ಜಿಯರ್ಸ್’ನಲ್ಲಿ ಕರ್ನಲ್ ಮಾತ್ಯು ಆಗಿ ಬಂದರು.

ಕಡೆಗೆ ನಿರ್ದೇಶಕರ ಕಾಲಂ ಹಿಡಿದು ಕೋಷ್ಟಕವನ್ನು ಮರುಜೋಡಿಸಿ. ಲಾರ್ಕೆ ಅವರ ಪಟ್ಟಿಯಲ್ಲಿ ಆಗ ಕ್ಲೂಝೊ ಚಿತ್ರಗಳು ಒಟ್ಟಿಗೆ ಸೇರುತ್ತವೆ: 1942, 1943, 1947, 1955. ಸಂಭಾಷಣೆಕಾರನ ಕಾಲಂ ಹಿಡಿದರೆ ಬೇರೊಂದು ಬಳಗ ಕಾಣುತ್ತದೆ, ನಾಯಕನಟನನ್ನು ಹಿಡಿದರೆ ಮತ್ತೊಂದು. ಫ್ರಾಂಕರ್ ಹೆಸರಿನ ಸುತ್ತ ಜಾಂ ಗಾಬ್ಯಾಂ ಚಿತ್ರಗಳು ಹೇಗೆ ಗುಂಪುಗೂಡುತ್ತವೆ ನೋಡಿ. ಪಟ್ಟಿಯನ್ನು ಹೊರಗೆ ಕೊಡುವ ಮುನ್ನ ಯಾವುದಾದರೂ ಹತ್ತು ಸಾಲು ಆರಿಸಿ, ಬರೆದಿಟ್ಟ ಸಮಯಕ್ಕೆ ನೇರ ಹೋಗಿ ಮುಖ ಕಾಣುತ್ತದೆಯೇ ನೋಡಿ. ಒಂದು ತಪ್ಪಿದರೂ ಅದೇ ಪ್ರತಿಯಿಂದ, ಅದೇ ದಿನ ಬರೆದ ಸಾಲುಗಳನ್ನೆಲ್ಲ ಮತ್ತೆ ತೆರೆಯಿರಿ. ನೋಡಲು ಸಿಗದ ಚಿತ್ರದ ಮುಂದೆ ‘ನೋಡಿಲ್ಲ’ ಎಂದೇ ಬರೆದು ಬಿಡಿ.